ಥಿಯೇಟರ್‌ನಲ್ಲಿ ನಮಗೆ ಅರ್ಧ ಸಿನಿಮಾ ಮಾತ್ರ ತೋರಿಸಿದರೇ? ‘ಓಪನ್ ಮ್ಯಾಟ್’ ಫಾರ್ವರ್ಡ್‌ನ ಅಸಲಿ ಕಥೆ

ಹಾಸನದ ಓದುಗರೊಬ್ಬರು ನಮಗೆ ವಾಟ್ಸಾಪ್‌ನಲ್ಲಿ ಒಂದು ಫೋಟೊ ಕಳಿಸಿದ್ದಾರೆ. ಮೇಲೊಂದು, ಕೆಳಗೊಂದು ಚಿತ್ರ. ಎರಡೂ ‘ಟೈಟಾನಿಕ್’ ಸಿನಿಮಾದ ಒಂದೇ ಕ್ಷಣದವು. ಮೊದಲನೆಯದರಲ್ಲಿ ಮೇಲೆ ಕೆಳಗೆ ದಪ್ಪ ಕಪ್ಪು ಪಟ್ಟಿ ಇದೆ. ಎರಡನೆಯದರಲ್ಲಿ ಪಟ್ಟಿ ಇಲ್ಲ, ಆ ಜಾಗದಲ್ಲಿ ಇನ್ನಷ್ಟು ಆಕಾಶ, ಇನ್ನಷ್ಟು ಹಡಗು ಕಾಣಿಸುತ್ತದೆ. ಕೆಳಗೆ ಬರೆದಿರುವುದು ಹೀಗಿದೆ: “ಥಿಯೇಟರ್‌ನಲ್ಲಿ ನಿಮಗೆ ತೋರಿಸಿದ್ದು ಅರ್ಧ ಸಿನಿಮಾ! ಕಪ್ಪು ಪಟ್ಟಿಯ ಹಿಂದೆ ಮುಚ್ಚಿಟ್ಟ ದೃಶ್ಯಗಳು ಓಪನ್ ಮ್ಯಾಟ್ ವರ್ಷನ್‌ನಲ್ಲಿವೆ. ಪೂರ್ತಿ ಸಿನಿಮಾಗೆ ಈ ಲಿಂಕ್ ಒತ್ತಿ. ಹತ್ತು ಜನಕ್ಕೆ ಕಳಿಸಿ.”

“ಇದು ಎಡಿಟ್ ಮಾಡಿದ ಫೋಟೊನಾ ಸರ್? ಅಥವಾ ನಿಜಾನಾ?” ಎಂದು ಅವರು ಕೇಳಿದ್ದಾರೆ.

ಫೋಟೊ ಸುಳ್ಳಲ್ಲ. ಅಂಥ ಪ್ರತಿ ನಿಜವಾಗಿಯೂ ಇದೆ, ಅಧಿಕೃತವಾಗಿಯೇ ಬಿಡುಗಡೆಯಾಗಿದೆ. ಆದರೆ ಅದರ ಕೆಳಗಿನ ಬರಹ ತಪ್ಪು. ಮುಚ್ಚಿದ್ದು ನಿಜ, ಮುಚ್ಚಿಟ್ಟದ್ದು ಸುಳ್ಳು. ಈ ಎರಡು ಮಾತಿನ ನಡುವೆ ಎಷ್ಟು ಅಂತರವಿದೆ ಎನ್ನುವುದು ಗೊತ್ತಾಗಬೇಕಾದರೆ ಸಿನಿಮಾದ ಚಿತ್ರ ಫಿಲಂನ ಮೇಲೆ ಯಾವ ಆಕಾರದಲ್ಲಿ ಕೂತಿರುತ್ತದೆ ಎಂದು ನೋಡಬೇಕು.

ಫಿಲಂ ಒಂದು ಆಕಾರ, ಪರದೆ ಇನ್ನೊಂದು ಆಕಾರ

ದಶಕಗಳ ಕಾಲ ಜಗತ್ತಿನ ಹೆಚ್ಚಿನ ಸಿನಿಮಾಗಳು ಚಿತ್ರೀಕರಣವಾದದ್ದು 35 ಎಂಎಂ ಫಿಲಂನಲ್ಲಿ. ಅದರ ಒಂದೊಂದು ಚೌಕಟ್ಟೂ ಹಳೆಯ ದಪ್ಪ ಟಿವಿಯ ಆಕಾರಕ್ಕೆ ಹತ್ತಿರವಾದದ್ದು. ಎತ್ತರ 3 ಅಂದರೆ ಅಗಲ 4. ಹಾಗೆ ನೋಡಿದರೆ ಟಿವಿಯೇ ಸಿನಿಮಾದ ಆಕಾರವನ್ನು ನಕಲು ಮಾಡಿತ್ತು. ನಮ್ಮ ಕಪ್ಪು-ಬಿಳುಪು ಕಾಲದ ಸಿನಿಮಾಗಳೆಲ್ಲ ಹೆಚ್ಚುಕಡಿಮೆ ಇದೇ ಆಕಾರದವು.

1950ರ ಸುಮಾರಿಗೆ ಅಮೆರಿಕದಲ್ಲಿ ಟಿವಿ ಮನೆಮನೆಗೆ ಬಂತು. ಮನೆಯಲ್ಲೇ ಪುಕ್ಕಟೆ ಸಿಗುವಾಗ ಜನ ಟಿಕೆಟ್ ಕೊಂಡು ಯಾಕೆ ಬರಬೇಕು? ಟಿವಿಯಲ್ಲಿ ಸಿಗದ ಏನನ್ನಾದರೂ ಕೊಡಬೇಕು ಎಂದು ಹಾಲಿವುಡ್ ಅಗಲದ ಪರದೆಗೆ ಕೈ ಹಾಕಿತು. 1953ರಲ್ಲಿ ‘ದಿ ರೋಬ್’ ಸಿನಿಮಾಸ್ಕೋಪ್‌ನ ಮೊದಲ ಚಿತ್ರವಾಗಿ ತೆರೆಗೆ ಬಂತು. ಅದಕ್ಕೆ ಬೇರೆಯದೇ ಲೆನ್ಸ್ ಬೇಕಿತ್ತು, ಆ ವಿಷಯಕ್ಕೆ ಆಮೇಲೆ ಬರುತ್ತೇವೆ. ಉಳಿದ ಸ್ಟುಡಿಯೊಗಳು ಒಂದು ಅಗ್ಗದ ದಾರಿ ಹುಡುಕಿಕೊಂಡವು. ಎಂದಿನ ಕ್ಯಾಮೆರಾ, ಎಂದಿನ ಲೆನ್ಸ್, ಎಂದಿನ ಫಿಲಂ. ತೋರಿಸುವಾಗ ಮಾತ್ರ ಪ್ರೊಜೆಕ್ಟರ್‌ನೊಳಗೆ ಅಗಲದ ಕಿಂಡಿ ಕೊರೆದ ಒಂದು ತಗಡನ್ನು ಸಿಕ್ಕಿಸಿದರೆ ಆಯಿತು. ಮೇಲಿನ ಒಂದಿಷ್ಟು, ಕೆಳಗಿನ ಒಂದಿಷ್ಟು ಮರೆಯಾಗಿ ಚಿತ್ರ ಅಗಲವಾಗಿ ಕಾಣುತ್ತದೆ! ಅದೇ 1953ರಲ್ಲಿ ಬಂದ ‘ಶೇನ್’ ಚಿತ್ರವನ್ನು ಹಳೆಯ ಆಕಾರಕ್ಕೆಂದೇ ಚಿತ್ರೀಕರಿಸಿದ್ದರು. ಬಿಡುಗಡೆಯ ಹೊತ್ತಿಗೆ ಅಗಲದ ಪರದೆಯ ಗಾಳಿ ಬೀಸಿತ್ತು, ಹಾಗಾಗಿ ಮೇಲೆ ಕೆಳಗೆ ಮುಚ್ಚಿಯೇ ತೋರಿಸಿದರು. ನಿಜವಾಗಿಯೂ ‘ಕತ್ತರಿಸಿ ತೋರಿಸಿದರು’ ಎಂದು ದೂರುವ ಹಕ್ಕಿರುವುದು ಅಂಥ ಚಿತ್ರಗಳಿಗೆ.

ಮುಂದೆ ಇದೇ ರೂಢಿಯಾಯಿತು. ಕ್ಯಾಮೆರಾದ ಕಣ್ಣುಕಿಂಡಿಯ ಗಾಜಿನ ಮೇಲೆ ಅಗಲದ ಚೌಕಟ್ಟನ್ನು ಗೆರೆ ಹಾಕಿ ಗುರುತು ಮಾಡಿರುತ್ತಿದ್ದರು. ಛಾಯಾಗ್ರಾಹಕರು ಆ ಗೆರೆಯ ಒಳಗೆ ದೃಶ್ಯ ಕೂರಿಸುತ್ತಿದ್ದರು. ಗೆರೆಯಾಚೆಗಿನದೂ ಫಿಲಂನಲ್ಲಿ ದಾಖಲಾಗುತ್ತಿತ್ತು, ಆದರೆ ಅದು ತೋರಿಸಲಿಕ್ಕಲ್ಲ ಎಂದು ಎಲ್ಲರಿಗೂ ಗೊತ್ತಿತ್ತು. ಸೀರೆ ಅಂಚು ಮಡಿಸಿ ಹೊಲಿದ ಹಾಗೆ. ಬಟ್ಟೆ ಒಳಗಿದೆ, ಆದರೆ ಉಡುವವರಿಗೆ ಕಾಣಬೇಕಾದದ್ದಲ್ಲ.

ಈ ಮರೆ ಮಾಡುವ ಮುಸುಕಿಗೆ ಇಂಗ್ಲಿಷಿನಲ್ಲಿ ‘ಮ್ಯಾಟ್’ ಎನ್ನುತ್ತಾರೆ. ಮುಸುಕು ತೆಗೆದು, ಒಳಗಿದ್ದ ಚಿತ್ರವನ್ನೂ ತೋರಿಸುವ ಪ್ರತಿಯೇ ‘ಓಪನ್ ಮ್ಯಾಟ್’. ಇಷ್ಟೇ ಅದರ ಅರ್ಥ. ಸೆನ್ಸಾರ್ ಆದ ದೃಶ್ಯ, ತೆಗೆದುಹಾಕಿದ ಹಾಡು, ಬೇರೆ ಕ್ಲೈಮ್ಯಾಕ್ಸ್ ಇವು ಯಾವುದಕ್ಕೂ ಇದಕ್ಕೂ ಸಂಬಂಧವಿಲ್ಲ. ಸಿನಿಮಾ ಒಂದು ಸೆಕೆಂಡೂ ಉದ್ದವಾಗುವುದಿಲ್ಲ, ಎತ್ತರವಾಗುತ್ತದೆ ಅಷ್ಟೆ.

ರಾಮನಗರದ ಬಂಡೆಗಳ ಮೇಲಿನ ಆಕಾಶ

ಇದಕ್ಕೆ ನಮಗೆಲ್ಲ ಹತ್ತಿರದ ಉದಾಹರಣೆ ಇರುವುದು ಬೆಂಗಳೂರು-ಮೈಸೂರು ರಸ್ತೆಯಲ್ಲಿ. ರಮೇಶ್ ಸಿಪ್ಪಿ ನಿರ್ದೇಶನದ ‘ಶೋಲೆ’ ಚಿತ್ರೀಕರಣವಾದದ್ದು ರಾಮನಗರದ ಬಂಡೆಗಳ ನಡುವೆ, ಕ್ಯಾಮೆರಾ ಹಿಡಿದದ್ದು ದ್ವಾರಕಾ ದಿವೇಚಾ. 1975ರ ಆಗಸ್ಟ್ 15ಕ್ಕೆ ಬಿಡುಗಡೆಯಾದಾಗ ಪೋಸ್ಟರ್‌ಗಳಲ್ಲಿ ‘70 ಎಂಎಂ’ ಎಂದು ದೊಡ್ಡದಾಗಿ ಬರೆದಿತ್ತು. ಆದರೆ ರಾಮನಗರಕ್ಕೆ 70 ಎಂಎಂ ಕ್ಯಾಮೆರಾ ಬಂದೇ ಇರಲಿಲ್ಲ. ಅದು ಆಗ ಕೈಗೆಟುಕದಷ್ಟು ದುಬಾರಿ. ಹಾಗಾಗಿ ಮಾಮೂಲಿ 35 ಎಂಎಂ ಫಿಲಂನಲ್ಲಿ, 4:3 ಆಕಾರದಲ್ಲಿ ಚಿತ್ರೀಕರಿಸಿ, ಆಮೇಲೆ ಅದನ್ನು 2.2:1 ಆಕಾರದ 70 ಎಂಎಂಗೆ ಹಿಗ್ಗಿಸಿದರು.

ಇಲ್ಲೊಂದು ಸಣ್ಣ ಲೆಕ್ಕ. 4:3 ಅಂದರೆ ಎತ್ತರ 1 ಆದರೆ ಅಗಲ 1.33. ಅದೇ ಅಗಲವನ್ನು ಉಳಿಸಿಕೊಂಡು 2.2:1 ಮಾಡಬೇಕಾದರೆ ಎತ್ತರದಲ್ಲಿ ಸುಮಾರು 60 ಭಾಗ ಮಾತ್ರ ಉಳಿಯುತ್ತದೆ. ಶೇ 40ರಷ್ಟು ಚಿತ್ರ ಮೇಲಿಂದ, ಕೆಳಗಿಂದ ಹೋಗುತ್ತದೆ. ಅಂದರೆ 70 ಎಂಎಂ ಥಿಯೇಟರ್‌ನಲ್ಲಿ ಕೂತು ‘ಅಬ್ಬಾ, ಎಷ್ಟು ದೊಡ್ಡ ಚಿತ್ರ’ ಎಂದವರು ನೋಡಿದ್ದು ಫಿಲಂನಲ್ಲಿದ್ದದ್ದಕ್ಕಿಂತ ಕಡಿಮೆ ರಾಮನಗರವನ್ನು.

ಹಾಗಾದರೆ ಅವರಿಗೆ ಮೋಸವಾಯಿತೇ? ನಮಗೆ ಹಾಗನ್ನಿಸುವುದಿಲ್ಲ. ಅವರಿಗೆ ಸಿಕ್ಕಿದ್ದು ಗೋಡೆ ತುಂಬುವ ಪರದೆ, ಆರು ಟ್ರ್ಯಾಕ್‌ನ ಸ್ಟೀರಿಯೊ ಸದ್ದು, ಬಂಡೆಯಿಂದ ಬಂಡೆಗೆ ಕಣ್ಣು ಓಡಿಸಬೇಕಾದಷ್ಟು ಅಗಲ. ಆ ಅಗಲವನ್ನು ಮನಸ್ಸಿನಲ್ಲಿಟ್ಟುಕೊಂಡೇ ಸಿನಿಮಾ ಮಾಡಿದ್ದರು. ಮುಸುಕಿನ ಹಿಂದೆ ಉಳಿದದ್ದರಲ್ಲಿ ಹೆಚ್ಚಿನದು ಇನ್ನೊಂದಿಷ್ಟು ಆಕಾಶ, ಇನ್ನೊಂದಿಷ್ಟು ನೆಲ.

‘ಶೋಲೆ’ಯದೇ ಇನ್ನೊಂದು ಸಂಗತಿಯನ್ನು ಫಾರ್ವರ್ಡ್‌ಗಳು ಇದರ ಜೊತೆ ಕಲಸುತ್ತವೆ. ಮೂಲದಲ್ಲಿ ಗಬ್ಬರ್‌ನನ್ನು ಠಾಕೂರ್ ಕೊಲ್ಲುವ ಅಂತ್ಯ ಇತ್ತು, ಸೆನ್ಸಾರ್ ಮಂಡಳಿ ಒಪ್ಪದ್ದರಿಂದ ಪೊಲೀಸರು ಬಂದು ಬಂಧಿಸುವ ಹಾಗೆ ಬದಲಾಯಿಸಿದರು. ಇದು ಪೂರ್ತಿ ನಿಜ. 2025ರ ಜೂನ್‌ನಲ್ಲಿ ಇಟಲಿಯ ಬೊಲೊನ್ಯಾ ಊರಿನ ಚಿತ್ರೋತ್ಸವದಲ್ಲಿ ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮರುಜೀವ ಕೊಟ್ಟ ಪ್ರತಿಯಲ್ಲಿ ಆ ಮೂಲ ಅಂತ್ಯವನ್ನೇ ತೋರಿಸಿದರು. ಅದು ನಿಜಕ್ಕೂ ‘ಮುಚ್ಚಿಟ್ಟ ದೃಶ್ಯ’. ಅದಕ್ಕೂ ಓಪನ್ ಮ್ಯಾಟ್‌ಗೂ ಸಂಬಂಧವಿಲ್ಲ. ಗಮನಿಸಬೇಕಾದ ಮಾತೆಂದರೆ, ಇಷ್ಟೆಲ್ಲ ಶ್ರಮಪಟ್ಟು ಮರುಜೀವ ಕೊಟ್ಟವರು ಕಳೆದುಹೋದ ದೃಶ್ಯಗಳನ್ನು ಮರಳಿ ಸೇರಿಸಿದರು, ಆದರೆ ಚೌಕಟ್ಟನ್ನು 4:3ಗೆ ಬಿಚ್ಚಲಿಲ್ಲ. 70 ಎಂಎಂನ 2.2:1 ಆಕಾರವನ್ನೇ ಇಟ್ಟುಕೊಂಡರು.

ಫೋನ್‌ನಲ್ಲೇ ಮಾಡಿ ನೋಡಿ

ಈಗಿನ ಬಹಳಷ್ಟು ಫೋನ್‌ಗಳ ಪರದೆ 20:9. ಅಡ್ಡ ಹಿಡಿದರೆ 2.22:1. ಅಂದರೆ ನಿಮ್ಮ ಜೇಬಿನಲ್ಲಿರುವುದು ಹೆಚ್ಚುಕಡಿಮೆ ‘ಶೋಲೆ’ಯ 70 ಎಂಎಂ ಪರದೆಯ ಆಕಾರವೇ!

ಯೂಟ್ಯೂಬ್‌ನಲ್ಲಿ ಯಾವುದಾದರೂ ಹಳೆಯ ಕಪ್ಪು-ಬಿಳುಪು ಕನ್ನಡ ಹಾಡು ಹಾಕಿ. ಎಡಕ್ಕೂ ಬಲಕ್ಕೂ ಖಾಲಿ ಜಾಗ ಬಿಟ್ಟು ನಡುವೆ ಚೌಕದಂತೆ ಕಾಣುವ ಪ್ರತಿಯೇ ಆಗಬೇಕು. ಈಗ ಎರಡು ಬೆರಳಿಟ್ಟು ಅಗಲ ಮಾಡಿ. ಚಿತ್ರ ಹಿಗ್ಗಿ ಪರದೆ ತುಂಬುವತ್ತ ಹೋಗುತ್ತದೆ, ಜೊತೆಗೆ ನಾಯಕನ ತಲೆ, ನಾಯಕಿಯ ಪಾದ ಪರದೆಯಿಂದಾಚೆ ಜಾರುತ್ತವೆ. ಇದೇ ಮ್ಯಾಟ್. ಬೆರಳು ಕೂಡಿಸಿ ಮೊದಲಿನಂತೆ ಮಾಡಿದರೆ ಓಪನ್ ಮ್ಯಾಟ್. ದಿನಾ ಕ್ರಿಕೆಟ್ ನೋಡುವಾಗ, ಓಟಿಟಿಯಲ್ಲಿ ಸಿನಿಮಾ ನೋಡುವಾಗ ನಾವೇ ಮ್ಯಾಟ್ ಹಾಕುತ್ತಿರುತ್ತೇವೆ. 16:9 ವಿಡಿಯೊವನ್ನು ಬೆರಳಿಂದ ಹಿಗ್ಗಿಸಿ 20:9 ಪರದೆ ತುಂಬಿಸಿದರೆ ಎತ್ತರದಲ್ಲಿ ಐದನೇ ಒಂದು ಭಾಗ ಹೋಗಿರುತ್ತದೆ. ಸ್ಕೋರ್ ಪಟ್ಟಿ ಅರ್ಧ ಕತ್ತರಿಸಿ ಹೋದಾಗ ಮಾತ್ರ ನಮಗದು ಗೊತ್ತಾಗುತ್ತದೆ.

ವ್ಯತ್ಯಾಸ ಇಷ್ಟೆ. ಗೆರೆ ಹಾಕಿಕೊಂಡು ತೆಗೆದ ಸಿನಿಮಾದಲ್ಲಿ ತಲೆ-ಪಾದಗಳನ್ನು ಗೆರೆಯ ಒಳಗೇ ಇಟ್ಟಿರುತ್ತಾರೆ. ನಾವು ಬೆರಳಿಂದ ಕತ್ತರಿಸುವಾಗ ಅಂಥ ಯಾವ ಎಚ್ಚರವೂ ಇರುವುದಿಲ್ಲ.

ಟೈಟಾನಿಕ್ ವಿಷಯ ಏನು?

‘ಟೈಟಾನಿಕ್’ ನಿರ್ದೇಶಕ ಜೇಮ್ಸ್ ಕ್ಯಾಮರನ್‌ಗೆ ‘ಸೂಪರ್ 35’ ಎಂಬ ವಿಧಾನ ಬಹಳ ಇಷ್ಟ. ‘ದಿ ಅಬಿಸ್’, ‘ಟರ್ಮಿನೇಟರ್ 2’, ‘ಟ್ರೂ ಲೈಸ್’, ‘ಟೈಟಾನಿಕ್’ ಎಲ್ಲವೂ ಅದರಲ್ಲೇ ಆದವು. ಇದರಲ್ಲಿ ಫಿಲಂನ ಅಂಚಿನಲ್ಲಿ ಸದ್ದಿಗೆಂದು ಮೀಸಲಿಡುವ ಜಾಗವನ್ನೂ ಚಿತ್ರಕ್ಕೇ ಬಳಸಿ, ಇಡೀ ಚೌಕಟ್ಟು ತುಂಬ ಚಿತ್ರೀಕರಿಸುತ್ತಾರೆ. ಆಮೇಲೆ ಥಿಯೇಟರ್‌ಗೆ ಬೇಕಾದ 2.39:1 ಪಟ್ಟಿಯನ್ನು ಅದರಿಂದ ತೆಗೆದುಕೊಳ್ಳುತ್ತಾರೆ. ಉಳಿದದ್ದು ಹಾಳಾಗುವುದಿಲ್ಲ, ಮನೆಯ ಟಿವಿಗೆ ಪ್ರತಿ ಮಾಡುವಾಗ ಕೆಲಸಕ್ಕೆ ಬರುತ್ತದೆ.

ಇದು ಯಾಕೆ ಮುಖ್ಯವಾಗಿತ್ತು ಎನ್ನುವುದು 90ರ ದಶಕದ ಕ್ಯಾಸೆಟ್ ನೆನಪಿರುವವರಿಗೆ ಬೇಗ ಅರ್ಥವಾಗುತ್ತದೆ. 2.39:1ರ ಚಿತ್ರವನ್ನು 4:3 ಟಿವಿಗೆ ತುಂಬಿಸಲು ಆಗ ಮಾಡುತ್ತಿದ್ದದ್ದು ಎಡ ಬಲ ಕತ್ತರಿಸುವುದು. ಹಾಗೆ ಮಾಡಿದರೆ ಶೇ 44ರಷ್ಟು ಅಗಲ ಹೋಗುತ್ತದೆ. ಇಬ್ಬರು ಎದುರುಬದುರು ನಿಂತು ಮಾತಾಡುತ್ತಿದ್ದರೆ ಟಿವಿಯಲ್ಲಿ ಇಬ್ಬರ ಮೂಗು ಮಾತ್ರ! ಇಲ್ಲವೇ ಚಿತ್ರ ಅತ್ತಿಂದಿತ್ತ ಜಾರುತ್ತಿತ್ತು. ಸೂಪರ್ 35ನಲ್ಲಿ ಈ ಗೋಳು ಕಡಿಮೆ. ಪಕ್ಕದಲ್ಲಿ ಕತ್ತರಿಸುವ ಬದಲು ಮೇಲೆ ಕೆಳಗೆ ಬಿಚ್ಚಿದರಾಯಿತು.

2012ರಲ್ಲಿ ‘ಟೈಟಾನಿಕ್’ 3ಡಿಯಲ್ಲಿ ಮತ್ತೆ ಬಂತು. ಆಮೇಲೆ ಬಂದ 3ಡಿ ಬ್ಲೂ-ರೇ ಡಿಸ್ಕ್‌ನಲ್ಲಿ ಚಿತ್ರ 16:9, ಅಂದರೆ ಕಪ್ಪು ಪಟ್ಟಿ ಇಲ್ಲದ್ದು. ಮಾಮೂಲಿ 2ಡಿ ಡಿಸ್ಕ್‌ನಲ್ಲಿ ಪಟ್ಟಿ ಇರುವ ಅಗಲದ ಚಿತ್ರ. ಫಾರ್ವರ್ಡ್‌ನ ಎರಡು ಚಿತ್ರಗಳು ತೋರಿಸುತ್ತಿರುವುದು ಈ ವ್ಯತ್ಯಾಸವನ್ನೇ. ಒಂದನ್ನು ಕದ್ದು ಬಚ್ಚಿಟ್ಟು ಇನ್ನೊಂದನ್ನು ತೋರಿಸಿದ್ದಲ್ಲ, ಎರಡೂ ಕ್ಯಾಮರನ್ ಕೈ ದಾಟಿಯೇ ಬಂದವು. ‘ಅವತಾರ್’ ಕೂಡ ಹಾಗೆಯೇ. 2009ರಲ್ಲಿ ಕೆಲವು ಥಿಯೇಟರ್‌ಗಳಲ್ಲಿ ಅಗಲದ ಚಿತ್ರವಾಗಿ, ಕೆಲವು ಕಡೆ 16:9ಗೆ ಹತ್ತಿರದ ಎತ್ತರದ ಚಿತ್ರವಾಗಿ ಓಡಿತ್ತು. ಮನೆಗೆ ಬಂದ ಡಿಸ್ಕ್‌ನಲ್ಲಿ ಎತ್ತರದ್ದೇ ಇತ್ತು.

ಮುಸುಕು ತೆಗೆದರೆ ಕಾಣುವುದೇನು

ಬಹಳ ಸಲ ಏನೂ ಇಲ್ಲ. ಛಾವಣಿ, ಮೇಜಿನ ಕಾಲು, ಹುಲ್ಲು. ಕೆಲವು ಸಲ ಮಾತ್ರ ಕಾಣಬಾರದ್ದೂ ಕಾಣುತ್ತದೆ.

ಟಿಮ್ ಬರ್ಟನ್ ನಿರ್ದೇಶನದ ‘ಪೀ-ವೀಸ್ ಬಿಗ್ ಅಡ್ವೆಂಚರ್’ ಎಂಬ 1985ರ ಹಾಸ್ಯಚಿತ್ರದಲ್ಲಿ ನಾಯಕ ಸೈಕಲ್‌ಗೆ ಬೀಗ ಹಾಕಲು ಅದರ ಸಣ್ಣ ಡಬ್ಬಿಯಿಂದ ಚೈನು ಎಳೆಯುತ್ತಾನೆ. ಎಳೆದಷ್ಟೂ ಬರುತ್ತಲೇ ಇರುತ್ತದೆ, ಮುಗಿಯುವುದೇ ಇಲ್ಲ. ಅದೇ ತಮಾಷೆ. ಮುಸುಕು ತೆಗೆದು ಮಾಡಿದ ಹಳೆಯ ವಿಡಿಯೊ ಪ್ರತಿಯಲ್ಲಿ ಡಬ್ಬಿಯ ತಳದ ತೂತಿನಿಂದ ಚೈನು ಮೇಲೆ ಬರುತ್ತಿರುವುದು ಕಾಣಿಸುತ್ತಿತ್ತು. ಜಾದೂಗಾರನ ತೋಳಿನೊಳಗೆ ಇಣುಕಿದ ಹಾಗಾಯಿತು. ‘ಹೆಚ್ಚು ಚಿತ್ರ’ ಸಿಕ್ಕಿತು, ನಗು ಹೋಯಿತು.

ಸ್ಟ್ಯಾನ್ಲಿ ಕುಬ್ರಿಕ್ ನಿರ್ದೇಶನದ ‘ದಿ ಶೈನಿಂಗ್’ ಶುರುವಿನಲ್ಲಿ ಬೆಟ್ಟದ ರಸ್ತೆಯ ಕಾರನ್ನು ಆಕಾಶದಿಂದ ತೋರಿಸುತ್ತಾರೆ. 4:3 ಪ್ರತಿಯಲ್ಲಿ ಒಂದು ಕ್ಷಣ ಕೆಳಗೆ ಹೆಲಿಕಾಪ್ಟರ್‌ನ ನೆರಳು ಕಾಣುತ್ತದೆ. ಇನ್ನು ಮೇಲಿಂದ ಇಳಿಬಿದ್ದ ಮೈಕಿನ ಕಥೆ ಹೇಳುವುದೇ ಬೇಡ. ಕೆಲವು ಥಿಯೇಟರ್‌ಗಳಲ್ಲಿ ನಾಯಕನ ತಲೆ ಮೇಲೆ ಮೈಕ್ ಕಂಡು ಜನ ನಕ್ಕದ್ದುಂಟು. ಅದರಲ್ಲಿ ಎಷ್ಟೋ ಸಲ ತಪ್ಪು ನಿರ್ದೇಶಕರದ್ದಾಗಿರುವುದಿಲ್ಲ, ಆಪರೇಟರ್ ಫ್ರೇಮ್ ಸರಿಯಾಗಿ ಕೂರಿಸದೆ ಮುಸುಕಿನೊಳಗೆ ಇರಬೇಕಾದದ್ದು ಹೊರಗೆ ಬಂದಿರುತ್ತದೆ.

ಮನೆಯ ಡಿಸ್ಕ್ ಮಾಡುವವರೂ ಇಲ್ಲಿ ಎಡವಿದ್ದಾರೆ. 2002ರಲ್ಲಿ ಬಂದ ‘ಬ್ಯಾಕ್ ಟು ದಿ ಫ್ಯೂಚರ್’ ಎರಡು ಮತ್ತು ಮೂರನೇ ಭಾಗದ ಡಿವಿಡಿಗಳಲ್ಲಿ ಕೆಲವು ದೃಶ್ಯಗಳ ಚೌಕಟ್ಟನ್ನು ತಪ್ಪು ಜಾಗದಲ್ಲಿ ಕೂರಿಸಿದ್ದರು. ಅಭಿಮಾನಿಗಳು ಕಂಡುಹಿಡಿದರು, ಕಂಪನಿ ಸರಿಪಡಿಸಿದ ಡಿಸ್ಕ್ ಬದಲಾಯಿಸಿ ಕೊಟ್ಟಿತು. ಎಲ್ಲಿ ಕತ್ತರಿಸಬೇಕು ಎನ್ನುವುದು ಒಂದು ನಿರ್ಧಾರ, ತಾನಾಗಿ ಆಗುವ ಕೆಲಸವಲ್ಲ ಎನ್ನುವುದಕ್ಕೆ ಇದಕ್ಕಿಂತ ಸಾಕ್ಷಿ ಬೇಕಿಲ್ಲ.

ಗ್ರಾಫಿಕ್ಸ್ ಇರುವ ದೃಶ್ಯಗಳಲ್ಲಿ ಇನ್ನೊಂದು ತೊಡಕಿದೆ. ಕಂಪ್ಯೂಟರ್‌ನಲ್ಲಿ ಒಂದೊಂದು ಚೌಕಟ್ಟು ತಯಾರಿಸಲೂ ದುಡ್ಡು, ಸಮಯ ಬೇಕು. ಕಾಣದ ಜಾಗಕ್ಕೆ ಯಾರು ಖರ್ಚು ಮಾಡುತ್ತಾರೆ? ಹಾಗಾಗಿ ಅಂಥ ದೃಶ್ಯಗಳು ಅನೇಕ ಸಲ ಅಗಲದ ಆಕಾರದಲ್ಲಷ್ಟೇ ತಯಾರಾಗಿರುತ್ತವೆ. ಬಿಚ್ಚಲು ಅಲ್ಲಿ ಏನೂ ಇರುವುದಿಲ್ಲ. ಓಪನ್ ಮ್ಯಾಟ್ ಪ್ರತಿ ಎಂದು ನೀವು ನೋಡುತ್ತಿರುವಾಗ ಮಾತಿನ ದೃಶ್ಯದಲ್ಲಿ ಮೇಲೆ ಕೆಳಗೆ ಹೆಚ್ಚು ಕಾಣುತ್ತದೆ, ಗ್ರಾಫಿಕ್ಸ್ ಬಂದ ಕೂಡಲೇ ಎಡ ಬಲ ಕತ್ತರಿಸಿ ಹೋಗಿರುತ್ತದೆ. ಒಂದೇ ಸಿನಿಮಾ ಅರ್ಧ ಬಿಚ್ಚಿದ್ದು, ಅರ್ಧ ಕತ್ತರಿಸಿದ್ದು. ‘ಪೂರ್ತಿ ಸಿನಿಮಾ’ ಎಂದು ಹಂಚುವವರು ಇದನ್ನು ಹೇಳುವುದಿಲ್ಲ.

ಮತ್ಯಾಕೆ ಸಂಗ್ರಹಕಾರರಿಗೆ ಇದರ ಹುಚ್ಚು?

ಇಷ್ಟು ಓದಿದ ಮೇಲೆ ಓಪನ್ ಮ್ಯಾಟ್ ಹುಡುಕುವವರು ಮಂಕುಮರುಳರು ಅನ್ನಿಸಬಹುದು. ಹಾಗಲ್ಲ. ಮನೆಯಲ್ಲಿ ಡಿಸ್ಕ್, ಹಾರ್ಡ್ ಡ್ರೈವ್ ಜೋಡಿಸಿಕೊಂಡು ಒಂದೇ ಸಿನಿಮಾದ ನಾಲ್ಕು ಪ್ರತಿ ಇಟ್ಟುಕೊಳ್ಳುವವರಿಗೆ ಅವರದೇ ಕಾರಣಗಳಿವೆ, ಅವುಗಳಲ್ಲಿ ಕೆಲವು ನಮಗೂ ಸರಿ ಅನ್ನಿಸುತ್ತವೆ.

ಮೊದಲನೆಯದು ಸರಳ. ದುಡ್ಡು ಕೂಡಿಸಿ 55 ಇಂಚಿನ ಟಿವಿ ತಂದವರಿಗೆ 2.39:1 ಸಿನಿಮಾ ಹಾಕಿದಾಗ ಕಾಲು ಭಾಗ ಕಪ್ಪಾಗಿಯೇ ಉಳಿಯುತ್ತದೆ. ಥಿಯೇಟರ್‌ನಲ್ಲಿ ಸ್ಕೋಪ್ ಅಂದರೆ ಪರದೆ ದೊಡ್ಡದಾಗುವುದು, ಪಕ್ಕದ ಪರದೆಬಟ್ಟೆ ಸರಿದು ಚಿತ್ರ ಹಿಗ್ಗುವುದು. ಮನೆಯಲ್ಲಿ ಅದೇ ಸ್ಕೋಪ್ ಚಿತ್ರ ಚಿಕ್ಕದಾಗುತ್ತದೆ. ಇದು ನ್ಯಾಯವಾದ ದೂರು. ವಿದೇಶದ ಕೆಲವು ಎಚ್‌ಡಿ ಚಾನೆಲ್‌ಗಳು ಇದೇ ಕಾರಣಕ್ಕೆ ಸೂಪರ್ 35 ಸಿನಿಮಾಗಳನ್ನು 16:9ಗೆ ಬಿಚ್ಚಿ ಪ್ರಸಾರ ಮಾಡಿದವು. ಸಂಗ್ರಹಕಾರರ ನಡುವೆ ಓಡಾಡುವ ಎಷ್ಟೋ ಪ್ರತಿಗಳ ಮೂಲ ಅಂಥ ಪ್ರಸಾರಗಳು. ಅಂಗಡಿಯಲ್ಲಿ ಸಿಗುವುದಿಲ್ಲ, ಹಾಗಾಗಿ ಬೆಲೆ ಹೆಚ್ಚು. ಹಳೆಯ ನಾಣ್ಯ ಕೂಡಿಸುವವರಿಗೆ ಅಚ್ಚು ತಪ್ಪಿದ ನಾಣ್ಯವೇ ಹೆಚ್ಚು ಪ್ರಿಯವಲ್ಲವೇ?

ಎರಡನೆಯದು ನೆನಪು. ನಮ್ಮ ತಂಡದಲ್ಲಿ ಹೆಚ್ಚಿನವರು ಹಾಲಿವುಡ್ ಸಿನಿಮಾ ಮೊದಲು ಕಂಡದ್ದು ಮನೆಯ ದಪ್ಪ ಟಿವಿಯಲ್ಲಿ, ಕೇಬಲ್‌ನವರ ದಯೆಯಿಂದ. ನಮಗೆ ‘ಟರ್ಮಿನೇಟರ್ 2’ ಅಂದರೆ ಆ ಚೌಕದ ಚಿತ್ರವೇ. ದೊಡ್ಡವರಾದ ಮೇಲೆ ‘ಸರಿಯಾದ’ ಪ್ರತಿ ನೋಡಿದಾಗ ಏನೋ ಕಡಿಮೆಯಾದಂತೆ ಕಂಡದ್ದುಂಟು. ಬಾಲ್ಯದಲ್ಲಿ ಕಂಡದ್ದನ್ನೇ ಮತ್ತೆ ಕಾಣಬೇಕು ಅನ್ನುವವರಿಗೆ ‘ನಿರ್ದೇಶಕರ ಉದ್ದೇಶ ಅದಲ್ಲ’ ಎಂದು ಪಾಠ ಹೇಳಿ ಏನು ಪ್ರಯೋಜನ?

ಮೂರನೆಯದು ಕಸುಬಿನ ಕುತೂಹಲ. ಗೆರೆಯಾಚೆ ಏನಿತ್ತು, ದೀಪ ಎಲ್ಲಿ ನಿಲ್ಲಿಸಿದ್ದರು, ಸೆಟ್ ಎಲ್ಲಿಗೆ ಮುಗಿಯುತ್ತಿತ್ತು ಎನ್ನುವುದನ್ನು ನೋಡಲು ಓಪನ್ ಮ್ಯಾಟ್‌ನಷ್ಟು ಒಳ್ಳೆಯ ಕಿಟಕಿ ಇಲ್ಲ. ಸಿನಿಮಾ ಕಲಿಯುವವರು ಎರಡೂ ಪ್ರತಿ ಪಕ್ಕಪಕ್ಕ ಇಟ್ಟು ನೋಡಿದರೆ ಚೌಕಟ್ಟು ಅಂದರೇನು ಎನ್ನುವುದು ಅರ್ಧ ಗಂಟೆಯಲ್ಲಿ ತಲೆಗೆ ಹತ್ತುತ್ತದೆ.

ಇನ್ನು, ನಿರ್ದೇಶಕರೇ ಸಂಗ್ರಹಕಾರರ ಪಕ್ಷ ವಹಿಸಿದ ಸಂದರ್ಭಗಳೂ ಇವೆ. ಕುಬ್ರಿಕ್ ತಮ್ಮ ಕೊನೆಯ ಚಿತ್ರಗಳು ಟಿವಿಯಲ್ಲಿ 4:3 ತುಂಬಿಯೇ ಕಾಣಬೇಕು ಎಂದು ಬಯಸಿದ್ದರು. 1999 ಮತ್ತು 2001ರಲ್ಲಿ ಬಂದ ಡಿವಿಡಿಗಳು ಹಾಗೆಯೇ ಇದ್ದವು. ಅದನ್ನು ಹಿಡಿದುಕೊಂಡು ‘ನಿಜವಾದ ಶೈನಿಂಗ್ ಇದೇ’ ಎಂದು ವಾದಿಸುವವರು ಈಗಲೂ ಇದ್ದಾರೆ. ಆದರೆ ‘ದಿ ಶೈನಿಂಗ್’ ತಯಾರಿಯ ಕಾಗದಗಳಲ್ಲಿ ಅವರು ಬರೆದಿಟ್ಟ ಸೂಚನೆಯೊಂದು ಉಳಿದಿದೆ. ದೃಶ್ಯ ಜೋಡಿಸುವುದು ಥಿಯೇಟರ್‌ನ 1.85:1ಕ್ಕೆ, ಆದರೆ 4:3ರ ಪೂರ್ತಿ ಜಾಗವನ್ನೂ ಕೆಡದಂತೆ ಕಾಯ್ದುಕೊಳ್ಳಿ ಎಂಬುದು ಅದರ ತಾತ್ಪರ್ಯ. ಅಂದರೆ ಎರಡಕ್ಕೂ ತಯಾರಿ ಇತ್ತು, ಮೊದಲ ಸ್ಥಾನ ಥಿಯೇಟರ್‌ಗೆ. 2007ರಲ್ಲಿ ಅಗಲದ ಟಿವಿಗಳು ಬಂದ ಮೇಲೆ ಡಿಸ್ಕ್‌ಗಳೂ ಅಗಲವಾದವು.

2021ರಲ್ಲಿ ಬಂದ ಜ್ಯಾಕ್ ಸ್ನೈಡರ್ ಅವರ ನಾಲ್ಕು ಗಂಟೆಯ ‘ಜಸ್ಟಿಸ್ ಲೀಗ್’ 4:3ರಲ್ಲೇ ಇತ್ತು. ‘ಟಿವಿ ಸೆಟ್ಟಿಂಗ್ ಕೆಟ್ಟಿದೆಯಾ’ ಎಂದು ರಿಮೋಟ್ ಒತ್ತಿದವರು ಎಷ್ಟೋ ಮಂದಿ. ಐಮ್ಯಾಕ್ಸ್‌ನ ಎತ್ತರದ ಪರದೆ ಮನಸ್ಸಿನಲ್ಲಿಟ್ಟುಕೊಂಡು ಅವರು ಹಾಗೆ ಮಾಡಿದ್ದು. ಅದೇ ವರ್ಷದ ನವೆಂಬರ್‌ನಲ್ಲಿ ಡಿಸ್ನಿ ಪ್ಲಸ್ 13 ಮಾರ್ವೆಲ್ ಚಿತ್ರಗಳನ್ನು ‘ಐಮ್ಯಾಕ್ಸ್ ಎನ್‌ಹ್ಯಾನ್ಸ್‌ಡ್’ ಹೆಸರಿನಲ್ಲಿ 1.90:1 ಆಕಾರದಲ್ಲಿ ಕೊಟ್ಟಿತು. ಶೇ 26ರವರೆಗೆ ಹೆಚ್ಚು ಚಿತ್ರ ಎನ್ನುವುದು ಅವರ ಜಾಹೀರಾತು. ಲೆಕ್ಕ ಹಾಕಿ ನೋಡಿದೆವು, 2.39ನ್ನು 1.90ರಿಂದ ಭಾಗಿಸಿದರೆ ಸುಮಾರು 1.26. ಅಂಕಿ ಸರಿಯಿದೆ. ಹೀಗೆ ಒಂದು ಕಾಲಕ್ಕೆ ಕೆಲವರಷ್ಟೇ ಹುಡುಕುತ್ತಿದ್ದದ್ದನ್ನು ಈಗ ಕಂಪನಿಗಳೇ ಹೆಸರಿಟ್ಟು ಮಾರುತ್ತಿವೆ. ಇಂಥವುಗಳಲ್ಲಿ ಎತ್ತರದ ಚಿತ್ರಕ್ಕೂ ಮೊದಲೇ ಯೋಚನೆ ಮಾಡಿರುತ್ತಾರೆ, ಹಾಗಾಗಿ ಮೈಕ್ ಇಳಿಬೀಳುವ ಭಯವಿಲ್ಲ.

ಎಲ್ಲ ಸಿನಿಮಾಕ್ಕೂ ಓಪನ್ ಮ್ಯಾಟ್ ಇರಲು ಸಾಧ್ಯವೇ ಇಲ್ಲ

ಮೋಸ ಹೋಗುವುದು ಹೆಚ್ಚಾಗಿ ಇಲ್ಲೇ. ಸಿನಿಮಾಸ್ಕೋಪ್‌ಗೆ ಬೇರೆ ಲೆನ್ಸ್ ಎಂದೆವಲ್ಲ, ಅದು ಅಗಲದ ದೃಶ್ಯವನ್ನು ಪಕ್ಕದಿಂದ ಅರ್ಧಕ್ಕೆ ಹಿಂಡಿ ಫಿಲಂನ ಪೂರ್ತಿ ಎತ್ತರದಲ್ಲಿ ಕೂರಿಸುತ್ತದೆ. ಫಿಲಂ ಕೈಯಲ್ಲಿ ಹಿಡಿದು ನೋಡಿದರೆ ಎಲ್ಲರೂ ಕಡ್ಡಿ ಪೈಲ್ವಾನರಂತೆ ಸಣ್ಣಗೆ ಉದ್ದವಾಗಿ ಕಾಣುತ್ತಾರೆ. ತೋರಿಸುವಾಗ ಇನ್ನೊಂದು ಲೆನ್ಸ್ ಅದನ್ನು ಮತ್ತೆ ಹಿಗ್ಗಿಸುತ್ತದೆ. ನಮ್ಮ ದೇಶದಲ್ಲಿ 1959ರ ‘ಕಾಗಜ್ ಕೆ ಫೂಲ್’ ಇದರಲ್ಲಿ ಮೊದಲನೆಯದು. ಹಾಲಿವುಡ್‌ನ ಮೊದಲ ‘ಸ್ಟಾರ್ ವಾರ್ಸ್’, ‘ಡೈ ಹಾರ್ಡ್’ ಕೂಡ ಇಂಥ ಲೆನ್ಸ್‌ನಲ್ಲೇ ಆದವು. ಇವುಗಳಲ್ಲಿ ಮೇಲೆ ಕೆಳಗೆ ಉಳಿದದ್ದು ಏನೂ ಇಲ್ಲ. ಮುಸುಕೇ ಇಲ್ಲದ ಮೇಲೆ ತೆಗೆಯುವುದೇನನ್ನು?

ಹಾಗಾಗಿ ಇಂಥ ಚಿತ್ರದ ‘ಓಪನ್ ಮ್ಯಾಟ್, ಫುಲ್ ಸ್ಕ್ರೀನ್’ ಪ್ರತಿ ಎಂದು ಯಾರಾದರೂ ಕಳಿಸಿದರೆ ಅದು ಎರಡು ಪಕ್ಕ ಕತ್ತರಿಸಿದ್ದಾಗಿರುತ್ತದೆ, ಇಲ್ಲವೇ ಎಳೆದು ಉದ್ದ ಮಾಡಿದ್ದಾಗಿರುತ್ತದೆ. ಯೂಟ್ಯೂಬ್‌ನಲ್ಲಿ ಹಳೆಯ ಕನ್ನಡ ಸಿನಿಮಾಗಳಿಗೂ ಇದೇ ಗತಿ, ಉಲ್ಟಾ ದಿಕ್ಕಿನಲ್ಲಿ. 4:3ರಲ್ಲಿದ್ದ ಕಪ್ಪು-ಬಿಳುಪು ಚಿತ್ರವನ್ನು ‘ಎಚ್‌ಡಿ ಫುಲ್ ಸ್ಕ್ರೀನ್’ ಮಾಡುವ ಹುಮ್ಮಸ್ಸಿನಲ್ಲಿ ಮೇಲೆ ಕೆಳಗೆ ಕಾಲು ಭಾಗ ಕತ್ತರಿಸಿ ಹಾಕುವವರಿದ್ದಾರೆ. ಹಾಡಿನಲ್ಲಿ ಕುಣಿಯುವವರ ಕಾಲೇ ಕಾಣುವುದಿಲ್ಲ. ಇನ್ನು ಕೆಲವರು ಪಕ್ಕಕ್ಕೆ ಎಳೆದು ಮುಖವೆಲ್ಲ ಇಡ್ಲಿಯಂತೆ ಅಗಲವಾಗಿರುತ್ತದೆ. ಆಶ್ಚರ್ಯವೆಂದರೆ ಟೈಟಾನಿಕ್‌ನ ಆಕಾಶ ಕಳೆದುಹೋಯಿತೆಂದು ಫಾರ್ವರ್ಡ್ ಮಾಡುವ ನಾವು, ನಮ್ಮದೇ ಸಿನಿಮಾದ ಕಾಲು ಹೋದದ್ದನ್ನು ಗಮನಿಸುವುದಿಲ್ಲ.

ಇದು ನಮ್ಮಲ್ಲಷ್ಟೇ ಆಗುವುದಲ್ಲ. 2019ರಲ್ಲಿ ಡಿಸ್ನಿ ಪ್ಲಸ್ ಶುರುವಾದಾಗ ‘ದಿ ಸಿಂಪ್ಸನ್ಸ್’ ಕಾರ್ಟೂನಿನ ಹಳೆಯ ಕಂತುಗಳನ್ನು ಹೀಗೇ ಕತ್ತರಿಸಿ ಹಾಕಿತ್ತು. ಮೂರು ಬಗೆಯ ಬಿಯರ್ ಪೀಪಾಯಿಗಳಿಗೆ ಮೇಲೆ ಒಂದೇ ಕೊಳವೆಯಿಂದ ಬಿಯರ್ ಬರುತ್ತಿದೆ ಎನ್ನುವ ಜೋಕಿನಲ್ಲಿ ಕೊಳವೆಯೇ ಹೋಗಿತ್ತು! ಜನ ದೂರಿದ ಮೇಲೆ 2020ರಲ್ಲಿ 4:3 ಆಯ್ಕೆಯನ್ನೂ ಕೊಟ್ಟರು.

ನೀವೇ ಪರೀಕ್ಷಿಸುವುದು ಹೇಗೆ

ಇದಕ್ಕೆ ಯಾವ ಆ್ಯಪ್ ಬೇಡ. ಎರಡು ಪ್ರತಿಯಲ್ಲೂ ಒಂದೇ ಕ್ಷಣದಲ್ಲಿ ನಿಲ್ಲಿಸಿ, ಮೇಲೆ ಕೆಳಗೆ ನೋಡಬೇಡಿ, ಎಡ ಬಲದ ಅಂಚು ನೋಡಿ. ಅಂಚಿನಲ್ಲಿ ಒಂದು ಬಾಗಿಲೋ ಕಂಬವೋ ಇರುವ ದೃಶ್ಯ ಆರಿಸಿಕೊಳ್ಳಿ. ಎರಡರಲ್ಲೂ ಆ ಕಂಬ ಇದೆ, ಜೊತೆಗೆ ಮೇಲೆ ಕೆಳಗೆ ಹೆಚ್ಚು ಕಾಣುತ್ತಿದೆ ಅಂದರೆ ಅದು ನಿಜವಾದ ಓಪನ್ ಮ್ಯಾಟ್. ಕಂಬ ಮಾಯವಾಗಿದ್ದರೆ ಪಕ್ಕ ಕತ್ತರಿಸಿದ್ದು. ಕಂಬ ಇದೆ, ಮೇಲೆ ಕೆಳಗೆ ಹೆಚ್ಚಿಲ್ಲ, ಆದರೂ ಪರದೆ ತುಂಬಿದೆ ಅಂದರೆ ಎಳೆದದ್ದು. ಗಡಿಯಾರ, ಕಾರಿನ ಚಕ್ರದಂಥ ದುಂಡಗಿನ ವಸ್ತು ಮೊಟ್ಟೆಯಾಕಾರ ಆಗಿದೆಯೇ ನೋಡಿದರೆ ಗೊತ್ತಾಗುತ್ತದೆ. ಒಂದೇ ದೃಶ್ಯದಲ್ಲಿ ತೀರ್ಮಾನ ಮಾಡಬೇಡಿ, ಮಾತಿನ ದೃಶ್ಯ ಒಂದು, ಗ್ರಾಫಿಕ್ಸ್ ದೃಶ್ಯ ಒಂದು ನೋಡಿ.

ಆ ಲಿಂಕ್

ಫಾರ್ವರ್ಡ್‌ನ ಕೊನೆಯಲ್ಲಿದ್ದ ಲಿಂಕ್‌ನ ವಿಷಯ ಉಳಿಯಿತು. ಹಾಸನದ ಓದುಗರು ಕಳಿಸಿದ ಲಿಂಕನ್ನು ನಾವು ಬೇರೆಯೇ ಇಟ್ಟಿರುವ ಒಂದು ಹಳೆಯ ಫೋನ್‌ನಲ್ಲಿ, ಸಿಮ್ ಇಲ್ಲದೆ ತೆರೆದೆವು. ಸಿನಿಮಾ ಇರಲಿಲ್ಲ. ‘ಪ್ಲೇಯರ್ ಇನ್‌ಸ್ಟಾಲ್ ಮಾಡಿ’ ಎಂದು ಒಂದು ಎಪಿಕೆ ಫೈಲ್ ಇಳಿಸಿಕೊಳ್ಳಲು ಹೇಳಿತು. ಆ ಪ್ಲೇಯರ್ ಕೇಳಿದ ಅನುಮತಿಗಳಲ್ಲಿ ಎಸ್ಸೆಮ್ಮೆಸ್ ಓದುವುದೂ ಒಂದು. ಸಿನಿಮಾ ತೋರಿಸಲು ನಿಮ್ಮ ಎಸ್ಸೆಮ್ಮೆಸ್ ಯಾಕೆ ಬೇಕು? ಬ್ಯಾಂಕಿನ ಓಟಿಪಿ ಬರುವುದು ಅಲ್ಲಿಗೇ. ಪ್ಲೇ ಸ್ಟೋರ್‌ನಲ್ಲಿಲ್ಲದ, ಲಿಂಕ್‌ನಿಂದ ಬಂದ ಎಪಿಕೆ ಹಾಕಿಕೊಳ್ಳಬೇಡಿ. ಈಗಾಗಲೇ ಹಾಕಿಕೊಂಡಿದ್ದರೆ ಇಂಟರ್‌ನೆಟ್ ಆಫ್ ಮಾಡಿ, ಆ ಆ್ಯಪ್ ತೆಗೆದುಹಾಕಿ, ಬೇರೆ ಫೋನ್‌ನಿಂದ ಬ್ಯಾಂಕಿಗೆ ತಿಳಿಸಿ. ಹಣ ಹೋಗಿದ್ದರೆ ತಡಮಾಡದೆ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಕರೆ ಮಾಡಿ. ಲಿಂಕ್‌ನಲ್ಲಿ ನಿಜವಾಗಿಯೂ ಸಿನಿಮಾ ಸಿಕ್ಕಿದರೂ ಅದು ಅನುಮತಿ ಇಲ್ಲದೆ ಹಂಚಿದ ನಕಲು, ಅದನ್ನು ಮುಂದೆ ಕಳಿಸುವುದು ಕಾಪಿರೈಟ್ ಉಲ್ಲಂಘನೆ.

ಇದನ್ನೆಲ್ಲ ಹಾಸನದ ಓದುಗರಿಗೆ ಬರೆದು ಕಳಿಸಿದೆವು. ಮರುದಿನ ಉತ್ತರ ಬಂತು: “ಲಿಂಕ್ ಒತ್ತಿಲ್ಲ ಸರ್, ಗ್ರೂಪಿಗೂ ಹೇಳಿದೀನಿ. ಆದ್ರೆ ಅಟ್ಟದ ಮೇಲೆ ನಮ್ಮಪ್ಪನ ಕಾಲದ ಶೋಲೆ ಕ್ಯಾಸೆಟ್ ಇದೆ. ವಿಸಿಆರ್ ರಿಪೇರಿ ಮಾಡೋರು ಯಾರಾದ್ರೂ ಗೊತ್ತಾ?”